ಕೀಲುಕುದುರೆ ಏರಿ ಬಂದ ಹಾಡುಗಾರ



"ರಾಕ್ ಸಂಗೀತ ಅಂದ್ರೆ ಕಲ್ಲು ಕುಟ್ಟೋದಾ ಅಜ್ಜಾ?" ಎಂದು ನಮ್ಮ ಕಾರ್ಗಲ್ಲಿನ ಪೋರನೊಬ್ಬ ಕೇಳಿದ. ಊರಿನ ಹೆಸರಿನಲ್ಲೇ ಕಲ್ಲಿರುವವನಿಗೆ ಹಾಗನ್ನಿಸಿದ್ದು ಸಹಜವೇ! ಆದರೆ ಇಲ್ಲಿ 'ರಾಕ್' ಎಂದರೆ ಬಂಡೆಯಲ್ಲ, ತೂಗುವುದು, ಓಲಾಡುವುದು. 1950ರ ದಶಕದಲ್ಲಿ ಅಮೆರಿಕದಿಂದ 'ರಾಕ್ ಅಂಡ್ ರೋಲ್' ಎಂಬ ಹೆಸರಿನಲ್ಲಿ ಲೋಕಕ್ಕೆಲ್ಲ ಹಬ್ಬಿದ ಸಂಗೀತ ಇದು.

ಇದರ ಮುಖ್ಯ ವಾದ್ಯ ಎಲೆಕ್ಟ್ರಿಕ್ ಗಿಟಾರ್. ಅದರ ಉಕ್ಕಿನ ತಂತಿಗಳ ಕೆಳಗೆ ಅಯಸ್ಕಾಂತವಿರುತ್ತದೆ. ಅಯಸ್ಕಾಂತದ ಸುತ್ತ ಕೂದಲಿನಷ್ಟು ಸಪೂರದ ತಾಮ್ರದ ತಂತಿಯ ಸುರುಳಿ. ಮೇಲಿನ ತಂತಿ ಮೀಟಿದಾಗ ಸುರುಳಿಯಲ್ಲಿ ಚೂರೇ ಚೂರು ವಿದ್ಯುತ್ ಹುಟ್ಟುತ್ತದೆ. ಆಂಪ್ಲಿಫೈಯರ್ ಅದನ್ನು ದೊಡ್ಡದು ಮಾಡಿ ಸ್ಪೀಕರಿಗೆ ಕೊಡುತ್ತದೆ. ನಮ್ಮ ಶರಾವತಿಯ ಪವರ್ ಹೌಸಿನಲ್ಲಿ ಆಗುವುದೂ ಇದೇ ಅಲ್ಲವೇ? ಅಲ್ಲಿ ನೀರು ಟರ್ಬೈನನ್ನು ತಿರುಗಿಸುತ್ತದೆ, ಅದರೊಡನೆ ಅಯಸ್ಕಾಂತ ಸುತ್ತುತ್ತದೆ, ಸುರುಳಿಯಲ್ಲಿ ವಿದ್ಯುತ್ ಹುಟ್ಟುತ್ತದೆ. ಒಂದು ಊರು ಬೆಳಗುತ್ತದೆ, ಇನ್ನೊಂದು ಹಾಡುತ್ತದೆ, ಅಷ್ಟೇ ವ್ಯತ್ಯಾಸ!

ಈ ಸಂಗೀತವನ್ನು ನಮ್ಮ ಮಣ್ಣಿಗೆ ಒಗ್ಗಿಸಿಕೊಂಡವರಲ್ಲಿ ಮೈಸೂರಿನ ವಾಸು ದೀಕ್ಷಿತ್ ಒಬ್ಬರು. ಅವರು ಓದಿದ್ದು ಅಹಮದಾಬಾದಿನ ರಾಷ್ಟ್ರೀಯ ವಿನ್ಯಾಸ ಸಂಸ್ಥೆಯಲ್ಲಿ, ಅದೂ ಚಲನಚಿತ್ರ ಕಲೆಯನ್ನು. ಹೆಸರಾದದ್ದು ಬೆಂಗಳೂರಿನ 'ಸ್ವರಾತ್ಮ' ತಂಡದ ಹಾಡುಗಾರರಾಗಿ. ಆ ತಂಡದಲ್ಲಿ ಗಿಟಾರು, ಡ್ರಮ್ಮುಗಳ ಜೊತೆಗೆ ಪಿಟೀಲೂ ಇತ್ತು. ಹಾಡುಗಳು ಹಿಂದಿಯಲ್ಲೂ ಕನ್ನಡದಲ್ಲೂ ಇದ್ದವು. ವಾಸು ವೇದಿಕೆಗೆ ಬರುತ್ತಿದ್ದುದು ಹೇಗೆ ಗೊತ್ತೇ? ಜಾತ್ರೆಯ ಕೀಲುಕುದುರೆಯಂತೆ ಸೊಂಟಕ್ಕೆ ಬಣ್ಣದ ಕುದುರೆ ಕಟ್ಟಿಕೊಂಡು! ಅಜ್ಜ-ಅಜ್ಜಿಯರು ಜಾತ್ರೆಯಲ್ಲಿ ಕಂಡ ಕುದುರೆ ಹೀಗೆ ಮೊಮ್ಮಕ್ಕಳ ಕಾಲದ ರಾಕ್ ವೇದಿಕೆ ಹತ್ತಿತು. ಹೊಸದನ್ನು ಕಲಿಯಲು ಹಳೆಯದನ್ನು ಬಿಡಬೇಕಾಗಿಲ್ಲ ಎನ್ನಲು ಇದಕ್ಕಿಂತ ಸಾಕ್ಷಿ ಬೇಕೇ?

ಕುದುರೆ ಕುಣಿದು ನಗಿಸಿತು, ನಿಜ. ಆದರೆ ಹಾಡುಗಳು ಬರೀ ನಗಿಸಲು ಬಂದವಲ್ಲ. 2009ರ ಮೊದಲ ಆಲ್ಬಮ್ಮಿನಲ್ಲಿ 'ಪ್ಯಾಸಿ' ಎಂಬ ಹಾಡಿದೆ. 'ಪ್ಯಾಸಿ' ಎಂದರೆ ಬಾಯಾರಿದವಳು. ಆ ಬಾಯಾರಿದವಳು ಯಾರು? ಕಾವೇರಿ! ಊರಿಗೆಲ್ಲ ನೀರು ಕೊಡುವ ಹೊಳೆಗೇ ದಾಹ. ಎರಡು ರಾಜ್ಯಗಳು ನೀರು ಯಾರದು ಎಂದು ಜಗಳಾಡುವಾಗ ಹೊಳೆಯ ಸಂಕಟ ಕೇಳುವವರು ಯಾರು? 2012ರ 'ಟೋಪಿವಾಲೆ' ಆಲ್ಬಮ್ಮಿನಲ್ಲಿ ರಾಜಕಾರಣಿಗಳನ್ನು ಛೇಡಿಸುವ ಹಾಡಿದೆ.

ಕಾವೇರಿಯ ಮಾತು ಹಾಡಾಯಿತು. ನಮ್ಮ ಶರಾವತಿಯ ಮಾತು? 1948ರಲ್ಲಿ ಜೋಗದಲ್ಲಿ ವಿದ್ಯುತ್ ಹುಟ್ಟಿತು. 1964ರಲ್ಲಿ ಲಿಂಗನಮಕ್ಕಿ ಅಣೆಕಟ್ಟು ಎದ್ದಿತು. ನಾಡಿನ ಮನೆಮನೆಗೆ ಬೆಳಕು ಹೋಯಿತು, ವೇದಿಕೆಗಳ ಮೈಕು, ಗಿಟಾರುಗಳಿಗೂ ಜೀವ ಬಂತು. ಇತ್ತ ಹಿನ್ನೀರಿನಲ್ಲಿ ಊರುಗಳು, ಗದ್ದೆ-ತೋಟಗಳು ಮುಳುಗಿದವು. ಮನೆ-ಮಠ ಬಿಟ್ಟು, ದನ-ಕರು ಹೊಡೆದುಕೊಂಡು, ಪಾತ್ರೆ-ಪಡಗ ಹೊತ್ತು ಹೊರಟವರ ಮೊಮ್ಮಕ್ಕಳು, ಮರಿಮಕ್ಕಳು ನಿಮ್ಮಲ್ಲೂ ಇದ್ದೀರಿ. ಸ್ವಿಚ್ಚು ಒತ್ತುವ ಎಲ್ಲರೂ ತಿಳಿಯಬೇಕಾದ ಕಥೆ ಅದು. ಹೇಳಬಲ್ಲವರು ಈಗ ವರ್ಷದಿಂದ ವರ್ಷಕ್ಕೆ ಕಡಿಮೆಯಾಗುತ್ತಿದ್ದಾರೆ.

ಆದ್ದರಿಂದ ಈ ವಾರ ಒಂದು ಕೆಲಸ. ಪುಟಾಣಿಗಳೇ, ನೋಟ್‌ಪುಸ್ತಕ ಹಿಡಿದು ಅಜ್ಜ-ಅಜ್ಜಿಯರ ಹತ್ತಿರ ಕೂರಿ. ಮುಳುಗಡೆಯಾದ ಊರಿನ ಹೆಸರೇನು, ಅಲ್ಲಿನ ದೇವರು ಯಾವುದು, ಅಂಗಳದಲ್ಲಿ ಯಾವ ಮರವಿತ್ತು, ನಾಟಿ ಮಾಡುವಾಗ ಯಾವ ಹಾಡು ಹೇಳುತ್ತಿದ್ದರು ಎಂದು ಕೇಳಿ ಬರೆದುಕೊಳ್ಳಿ. ಅಜ್ಜ-ಅಜ್ಜಿಯರೇ, "ಅದೆಲ್ಲ ಈಗ್ಯಾಕೆ ಮಗಾ" ಎನ್ನಬೇಡಿ. ನಾಲ್ಕು ಸಾಲಾದರೂ ಹಾಡಿ ತೋರಿಸಿ. ಗಿಟಾರು ಇಲ್ಲದಿದ್ದರೆ ಬೇಡ, ತಾಳಕ್ಕೆ ಕೊಡಪಾನವೇ ಸಾಕು.