ದತ್ತಾಂಶ ಕೊಟ್ಟರಷ್ಟೇ ಸಾಲದು

ಎಕ್ಸೆಲ್ ಹಾಳೆಯಲ್ಲಿ 'ಸೆಪ್ಟ್2' ಎಂಬ ಜೀನ್‌ನ ಹೆಸರು ಬರೆದು ಎಂಟರ್ ಒತ್ತಿದರೆ ಅದು ಸೆಪ್ಟೆಂಬರ್ 2 ಆಗಿಬಿಡುತ್ತಿತ್ತು. 'ಮಾರ್ಚ್1' ಜೀನ್ ಮಾರ್ಚ್ ಒಂದನೇ ತಾರೀಖಾಗುತ್ತಿತ್ತು. ಈ ಎಡವಟ್ಟು 2004ರಲ್ಲೇ ವರದಿಯಾಗಿತ್ತು. ಆದರೂ 2016ರಲ್ಲಿ ಪರಿಶೀಲಿಸಿದಾಗ, ಎಕ್ಸೆಲ್ ಜೀನ್ ಪಟ್ಟಿ ಲಗತ್ತಿಸಿದ್ದ ಪ್ರಬಂಧಗಳ ಪೈಕಿ ಸುಮಾರು ಐದರಲ್ಲೊಂದರಲ್ಲಿ ಹೆಸರುಗಳು ಕೆಟ್ಟಿದ್ದವು. ಕೊನೆಗೆ ಜೀನ್‌ಗಳಿಗೆ ಹೆಸರಿಡುವ ಅಂತರರಾಷ್ಟ್ರೀಯ ಸಮಿತಿಯೇ ಮಣಿಯಿತು. 2020ರ ಹೊತ್ತಿಗೆ ಸೆಪ್ಟ್2 ಹೋಗಿ ಸೆಪ್ಟಿನ್2 ಬಂತು. ಹೆಸರನ್ನು ತಾರೀಖಾಗಿಸುವ ಪರಿವರ್ತನೆಯನ್ನು ನಿಲ್ಲಿಸುವ ಆಯ್ಕೆ ಎಕ್ಸೆಲ್‌ಗೆ ಬಂದದ್ದು 2023ರಲ್ಲಿ. ಜೀವವಿಜ್ಞಾನಿಯೊಬ್ಬರು ಪಟ್ಟಿ ಅಂಟಿಸುವುದನ್ನು ತಂತ್ರಾಂಶ ಬರೆಯುವವರು ಪಕ್ಕದಲ್ಲಿ ಕೂತು ಒಂದು ಗಂಟೆ ನೋಡಿದ್ದರೆ ಇಷ್ಟು ವರ್ಷ ಬೇಕಿರಲಿಲ್ಲ.

ಬಳಸುವವರನ್ನು ಗಮನಿಸಬೇಕೆಂಬ ಈ ಮಾತು ಜೀನೋಮ್ ದತ್ತಾಂಶಕ್ಕೂ ಸಲ್ಲುತ್ತದೆ. ಜೀನೋಮ್ ಎಲ್ಲರ ಸ್ವತ್ತು ಎಂಬ ತತ್ವ ಗೆದ್ದದ್ದು ಸುಲಭವಾಗೇನಲ್ಲ. 1996ರಲ್ಲಿ ಬರ್ಮುಡಾದಲ್ಲಿ ಸೇರಿದ ವಿಜ್ಞಾನಿಗಳು, ಓದಿದ ಡಿಎನ್‌ಎ ಸರಣಿಯನ್ನು 24 ಗಂಟೆಯೊಳಗೆ ಬಹಿರಂಗಪಡಿಸಲು ಒಪ್ಪಿಕೊಂಡರು. ಅದೇ ಜೀನೋಮನ್ನು ಓದುತ್ತಿದ್ದ ಖಾಸಗಿ ಕಂಪನಿ ಸೆಲೆರಾದ ಪೈಪೋಟಿಯ ನಡುವೆ, 2000ದ ಜುಲೈ 7ರಂದು ಕ್ಯಾಲಿಫೋರ್ನಿಯಾದ ಸಾಂತಾಕ್ರೂಜ್ ವಿಶ್ವವಿದ್ಯಾಲಯ ಮಾನವ ಜೀನೋಮಿನ ಕರಡನ್ನು ಅಂತರ್ಜಾಲಕ್ಕೆ ಹಾಕಿತು. ಓದಿದ ಡಿಎನ್‌ಎ ಚೂರುಗಳನ್ನು ಜೋಡಿಸುವ ತಂತ್ರಾಂಶ ಬರೆದ ಜಿಮ್ ಕೆಂಟ್, ಅದನ್ನು ಕಣ್ಣಿಂದ ನೋಡಲು ಜೀನೋಮ್ ಬ್ರೌಸರನ್ನೂ ಕಟ್ಟಿದರು. ಕರಡು ಲ್ಯಾಬುಗಳ ಮೇಜಿಗೆ ಬಂದದ್ದು ಆ ಬ್ರೌಸರಿನಿಂದ ಎಂದೇ ನನ್ನ ಅಭಿಪ್ರಾಯ. ಇಂಗ್ಲೆಂಡಿನ ಹಿಂಕ್ಸ್‌ಟನ್‌ನಲ್ಲಿರುವ ಯುರೋಪಿಯನ್ ಬಯೋಇನ್ಫರ್ಮ್ಯಾಟಿಕ್ಸ್ ಸಂಸ್ಥೆಯವರು ಎಂಜೈಮ್‌ಗಳ ಮಾಹಿತಿ ಕೊಡುವ 'ಎಂಜೈಮ್ ಪೋರ್ಟಲ್' ಜಾಲತಾಣ ರೂಪಿಸುವಾಗ ಯೂಸರ್ ರಿಸರ್ಚ್‌ಗೇ, ಅಂದರೆ ಬಳಸುವವರ ಅಧ್ಯಯನಕ್ಕೇ ಸಮಯ ಕೊಟ್ಟು, ಸಂಶೋಧಕರ ಕೆಲಸದ ರೀತಿ ತಿಳಿದುಕೊಂಡು ಪುಟಗಳನ್ನು ತಿದ್ದಿದರು.

ಈಗ ನಮ್ಮ ಸರದಿ. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಆವರಣದಲ್ಲಿರುವ ಮಿದುಳು ಸಂಶೋಧನಾ ಕೇಂದ್ರದ ಮುಂದಾಳತ್ವದಲ್ಲಿ 20 ಸಂಸ್ಥೆಗಳು ದುಡಿದ ಜೀನೋಮ್ ಇಂಡಿಯಾ ಯೋಜನೆಯ 10,000 ಜೀನೋಮ್‌ಗಳ ದತ್ತಾಂಶ 2025ರ ಜನವರಿಯಲ್ಲಿ ಸಂಶೋಧಕರಿಗೆ ದೊರಕುವಂತಾಯಿತು. ಅದು ಇರುವುದು ಫರೀದಾಬಾದಿನ ಭಾರತೀಯ ಜೈವಿಕ ದತ್ತಾಂಶ ಕೇಂದ್ರದಲ್ಲಿ. ಅರ್ಜಿ, ಪರಿಶೀಲನೆ, ಅನುಮತಿ ಇರಲೇಬೇಕು. ಯೋಜನೆಗೆ ರಕ್ತದ ಮಾದರಿ ಕೊಟ್ಟವರ ಗೋಪ್ಯತೆಯ ಪ್ರಶ್ನೆ ಅದು. ಆದರೆ ಅನುಮತಿ ಸಿಕ್ಕ ಮೇಲೆ ಏನಾಗುತ್ತದೆ ಎಂಬುದನ್ನೂ ಯಾರಾದರೂ ನೋಡಬೇಕಲ್ಲ?

ಬೀಟಾ ಥಲಸ್ಸೀಮಿಯಾ ಎಂಬ ಆನುವಂಶಿಕ ರಕ್ತದ ಕಾಯಿಲೆ ತರುವ ಒಂದು ಜೀನ್ ರೂಪಾಂತರ ತಮ್ಮ ಭಾಗದ ಸಮುದಾಯಗಳಲ್ಲಿ ಎಷ್ಟರಮಟ್ಟಿಗಿದೆ ಎಂದು ಕಲಬುರಗಿಯ ವೈದ್ಯರೊಬ್ಬರು ತಿಳಿಯಬಯಸುತ್ತಾರೆ ಅಂದುಕೊಳ್ಳಿ. ಪ್ರೋಗ್ರಾಮಿಂಗ್ ಗೊತ್ತಿರುವ ಸಹಾಯಕರಿಲ್ಲದೆ ಅವರು ಉತ್ತರ ಮುಟ್ಟುತ್ತಾರೆಯೇ? ಯಾವ ಪರದೆಯಲ್ಲಿ ಕೈಚೆಲ್ಲುತ್ತಾರೆ? ಅಂಥವರ ಪಕ್ಕ ಕೂತು ನೋಡಿ ಬರೆದುಕೊಳ್ಳುವವರಿಗೆ ಸಂಬಳ ಬೇಕು, ಓಡಾಟದ ಖರ್ಚು ಬೇಕು. ಯೋಜನೆಯ ಮುಂದಿನ ಹಂತದ ಬಜೆಟ್ಟಿನಲ್ಲಿ ಸೀಕ್ವೆನ್ಸಿಂಗ್ ಯಂತ್ರಗಳ ಜೊತೆಯಲ್ಲೇ ಇದಕ್ಕೂ ಹಣ ತೆಗೆದಿಡಿ.