ಯಾರ ಬಾಳು ಚರಿತ್ರೆ, ಯಾರ ಬಾಳು ಅಡಿಟಿಪ್ಪಣಿ?

ಮುಂದಾಳುಗಳ ಜೀವನಚರಿತ್ರೆ ದಪ್ಪವಾದಷ್ಟೂ ದುಡಿದವರ ಹೆಸರು ಸಣ್ಣದಾಗುತ್ತದೆ. ರಾಜರ ಕಾಲದಲ್ಲಿ ಹೀಗಿತ್ತು, ಧಣಿಗಳ ಕಾಲದಲ್ಲಿಯೂ ಹೀಗೆಯೇ. ಆದರೆ ಪಕ್ಷ, ಸಂಘ, ಪ್ರಕಾಶನ ಎಲ್ಲವೂ ಕಾರ್ಮಿಕರದೇ ಆಗಿದ್ದ ಕಡೆಯಲ್ಲಿಯೂ ಹೀಗಾದರೆ ಏನೆನ್ನಬೇಕು? ಇಸ್ರೇಲಿನ ಹೀಬ್ರೂ ಗ್ರಂಥಗಳ ವಿಷಯದಲ್ಲಿ ನಾವು ಕೇಳುವ ಪ್ರಶ್ನೆ ಇದು.

ದೂರದ ದೇಶದ ಪುಸ್ತಕ ನಮಗೇಕೆ ಎನ್ನಬೇಡಿ. 1953ರಲ್ಲಿ ರಂಗೂನಿನ ಏಷ್ಯನ್ ಸಮಾಜವಾದಿ ಸಮ್ಮೇಳನದಲ್ಲಿ ಭಾರತದ ಸಮಾಜವಾದಿಗಳೂ ಇಸ್ರೇಲಿನ ಮಪಾಯ್ ಪಕ್ಷದವರೂ ಕೂಡಿ ಕುಳಿತಿದ್ದರು. ಅಲ್ಲಿನ ಸಾಮೂಹಿಕ ಬೇಸಾಯವನ್ನು ನಮ್ಮವರೂ ಬಾಯಿತುಂಬ ಹೊಗಳಿದ್ದುಂಟು. ಹೊಗಳಿದವರಿಗೆ ಪೂರಾ ಲೆಕ್ಕ ನೋಡುವ ಹೊಣೆಯೂ ಇದೆ.

1920ರಲ್ಲಿ ಹೈಫಾದಲ್ಲಿ ಹಿಸ್ತದ್ರುತ್ ಎಂಬ ಕಾರ್ಮಿಕ ಮಹಾಸಂಘ ಹುಟ್ಟಿತು. 1921ರಿಂದ 1935ರವರೆಗೆ ಅದರ ಕಾರ್ಯದರ್ಶಿಯಾಗಿದ್ದ ಬೆನ್ ಗುರಿಯನ್ 1948ರಲ್ಲಿ ದೇಶದ ಮೊದಲ ಪ್ರಧಾನಿಯಾದರು. ಸಂಘದ ಪತ್ರಿಕೆ 'ದವಾರ್' 1925ರಲ್ಲಿ ಹೊರಟಿತು; ಅದರ ಸಂಪಾದಕ ಬೆರ್ಲ್ ಕಟ್ಸ್‌ನೆಲ್ಸನ್. ಅವರೇ 1942ರಲ್ಲಿ ದುಡಿಯುವವರ ಕೈಗೆಟಕುವ ಪುಸ್ತಕಗಳಿಗಾಗಿ 'ಅಮ್ ಓವೆದ್' ಪ್ರಕಾಶನವನ್ನು ಕಟ್ಟಿದರು. 'ದುಡಿಯುವ ಜನ' ಎಂದು ಅದರ ಅರ್ಥ. ಬಹಳ ದೊಡ್ಡ ಕೆಲಸ, ಒಪ್ಪುತ್ತೇವೆ.

ಈ ನಾಯಕರಿಗೆ ಜೀವನಚರಿತ್ರೆಗಳ ಕೊರತೆಯಾಗಲಿಲ್ಲ. ಬೆನ್ ಗುರಿಯನ್ನರ ಬಾಳನ್ನು ಶಬ್ತಾಯ್ ತೇವೆತ್ 1976ರಿಂದ ಸಂಪುಟದ ಮೇಲೆ ಸಂಪುಟವಾಗಿ ಬರೆದರು. 1980ರಲ್ಲಿ ಅನಿತಾ ಶಪೀರಾ ಬೆರ್ಲ್ ಅವರ ಬಾಳನ್ನು ಎರಡು ಸಂಪುಟಗಳಲ್ಲಿ ಬರೆದರು. ಇವು ಶ್ರಮದ ಗ್ರಂಥಗಳು, ಸುಳ್ಳಿನ ಕಂತೆಗಳಲ್ಲ. ಆದರೆ ಅಂಗಡಿಯವನು ಕಿರ್ದಿಯಲ್ಲಿ ಜಮಾ ಮಾತ್ರ ಬರೆದು ಖರ್ಚು ಬರೆಯದಿದ್ದರೆ ಅದು ಲೆಕ್ಕವಾದೀತೆ?

ಖರ್ಚಿನ ಪುಟವನ್ನು ನೋಡೋಣ. 1911ರಲ್ಲಿ ಯವ್ನೆಏಲಿ ಎಂಬ ಕಾರ್ಮಿಕ ಕಾರ್ಯಕರ್ತನನ್ನು ಯೆಮೆನ್ ದೇಶಕ್ಕೆ ಕಳಿಸಿದರು. ಅಲ್ಲಿನ ಬಡ ಯೆಹೂದಿಗಳನ್ನು ತೋಟಗಳ ಕೂಲಿಗೆ ಕರೆತರುವುದು ಉದ್ದೇಶ. ಬಂದವರಲ್ಲಿ ಕೆಲವು ಕುಟುಂಬಗಳು 1912ರಲ್ಲಿ ಕಿನ್ನೆರೆತ್ ಸರೋವರದ ದಡದಲ್ಲಿ, ನೀರೆತ್ತುವ ಪಂಪಿನ ಮನೆಯಲ್ಲಿ, ಬಿಡಾರ ಹೂಡಿದವು. ಮಲೇರಿಯಕ್ಕೆ ಮಕ್ಕಳನ್ನು ಕಳೆದುಕೊಂಡರೂ ನೆಲ ಬಿಡಲಿಲ್ಲ. ಹದಿನೆಂಟು ವರ್ಷ ದುಡಿದ ಮೇಲೆ 1930ರಲ್ಲಿ ಅವರನ್ನು ಅಲ್ಲಿಂದ ಎಬ್ಬಿಸಿ ರೆಹೋವೊತ್ ಬಳಿಯ ಮಾರ್ಮೊರೆಕ್‌ಗೆ ಸಾಗಿಸಿದರು. ನೆರೆಯಲ್ಲಿಯೇ ಇದ್ದವರು ಸಮಾನತೆಯ ಹೆಸರಿನ ಸಾಮೂಹಿಕ ಬೇಸಾಯಗಾರರು! ಯವ್ನೆಏಲಿಯ ಪ್ರವಾಸದ ಪುಸ್ತಕ 1952ರಲ್ಲಿಯೇ ಹೊರಬಂದಿತು. ಎಬ್ಬಿಸಲ್ಪಟ್ಟವರ ಕಥೆಗೆ ಯೆಹೂದಾ ನಿನಿಯವರ ಗ್ರಂಥ 1996ರವರೆಗೆ ಕಾಯಬೇಕಾಯಿತು. ಕರೆತಂದವನಿಗೂ ಬಂದವರಿಗೂ ನಡುವೆ ನಾಲ್ವತ್ತನಾಲ್ಕು ವರ್ಷಗಳ ಅಂತರ!

ಸ್ವಧರ್ಮದ ಕೂಲಿಗೇ ಈ ಗತಿಯಾದರೆ ಅರಬ್ ಕೂಲಿಯ ಪಾಡೇನು? ಯೆಹೂದಿ ತೋಟಗಾರರು ಅಗ್ಗವೆಂದು ಅರಬರನ್ನು ಕೆಲಸಕ್ಕೆ ಇಟ್ಟುಕೊಂಡರು. ಸಂಘ ಮಾಡಬೇಕಾದ್ದು ಏನು? ಇಬ್ಬರನ್ನೂ ಒಂದೇ ಸಂಘಕ್ಕೆ ಸೇರಿಸಿ, ಸಮಾನ ಕೂಲಿ ಕೇಳುವುದು. ಮಾಡಿದ್ದೇನು? ಅರಬರನ್ನು ಕೆಲಸದಿಂದ ತೆಗೆಯಿರೆಂದು ಕಿತ್ತಲೆ ತೋಟಗಳ ಮುಂದೆ ಪಿಕೆಟಿಂಗ್! ಹಿಸ್ತದ್ರುತ್ ಅರಬರಿಗೆ ಪೂರ್ಣ ಸದಸ್ಯತ್ವದ ಬಾಗಿಲು ತೆರೆದದ್ದು 1959ರಲ್ಲಿ.

ಬೇಟೆಯಾಡಲ್ಪಟ್ಟ ಜನ, ಹಿಟ್ಲರನು ಅವರಲ್ಲಿ ಅರುವತ್ತು ಲಕ್ಷ ಮಂದಿಯನ್ನು ಕೊಂದ, ಅವರಿಗೆ ನೆಲೆ ಬೇಡವೆ ಎಂದು ಕೆಲವರು ಕೇಳಿಯಾರು. ಬೇಕು. ಆ ಸಂಕಟವನ್ನು ಹಗುರವಾಗಿ ಕಾಣುವವನು ಮನುಷ್ಯನೇ ಅಲ್ಲ. ಆದರೆ ಒಬ್ಬನ ಸಂಕಟ ಇನ್ನೊಬ್ಬನ ಕೂಲಿ ಕಸಿಯಲು ಪರವಾನಗಿಯಾಗದು.

ಒಂದು ಮಾತನ್ನು ನ್ಯಾಯಕ್ಕಾಗಿ ಹೇಳಲೇಬೇಕು. ಈ ಖರ್ಚಿನ ಪುಟವನ್ನು ತೆರೆದವರೂ ಹೀಬ್ರೂ ಲೇಖಕರೇ. ಅರಬ್ ಕೂಲಿಯ ವಿರುದ್ಧದ ಆ ಹೋರಾಟದ ಚರಿತ್ರೆಯನ್ನು 1977ರಲ್ಲಿ ಬರೆದವರು ಅದೇ ಅನಿತಾ ಶಪೀರಾ. ಆ ನಾಯಕರಿಗೆ ಸಮಾಜವಾದಕ್ಕಿಂತ ರಾಷ್ಟ್ರವೇ ಮುಖ್ಯವಾಗಿತ್ತೆಂದು ಜೀವ್ ಸ್ಟರ್ನ್‌ಹೆಲ್ 1995ರಲ್ಲಿ ವಾದಿಸಿದರು. ಆ ಗ್ರಂಥವನ್ನೂ ನಿನಿಯವರ ಗ್ರಂಥವನ್ನೂ ಅಚ್ಚುಹಾಕಿದ್ದು ಬೆರ್ಲ್ ಕಟ್ಟಿದ ಅಮ್ ಓವೆದ್! ಕಾರ್ಮಿಕರ ಪ್ರಕಾಶನ ಇರಬೇಕಾದ್ದೇ ಇದಕ್ಕೆ.

ಗಿರಣಿಯ ಬಂಧುಗಳೇ, ನಾಳೆ ನಮ್ಮ ಸಂಘಗಳ ಚರಿತ್ರೆಯೂ ಅಚ್ಚಾಗುತ್ತದೆ. ಅಧ್ಯಕ್ಷರ ಭಾವಚಿತ್ರ ಮೊದಲ ಪುಟದಲ್ಲಿರಲಿ, ಬೇಡವೆನ್ನುವುದಿಲ್ಲ. ಆದರೆ ಬದಲಿ ಕಾರ್ಮಿಕನ, ಗುಡಿಸುವವಳ, ಸಂಘದ ಹೊರಗೇ ನಿಂತವನ ಹೆಸರು ಎಲ್ಲಿದೆ ಎಂದು ಹುಡುಕಿ ನೋಡಿ. ಇಲ್ಲವೆ? ಹಾಗಾದರೆ ಅದು ನಿಮ್ಮ ಚರಿತ್ರೆಯಲ್ಲ. ನಿಮ್ಮ ವಂತಿಗೆಯಿಂದ ಅಚ್ಚಾದ ಬೇರೆಯವರ ಚರಿತ್ರೆ.