ಕ್ಯಾಮೆರಾ ಯಾರ ಕೈಯಲ್ಲಿರಬೇಕು?

ಗಿರಣಿಯ ಬಾಗಿಲಲ್ಲಿ ಮಾಲೀಕರ ಕ್ಯಾಮೆರಾ ಹಗಲಿರುಳೂ ಕಾರ್ಮಿಕನನ್ನು ಕಾಯುತ್ತಿದೆ. ಇಂದು ಕಾರ್ಮಿಕನ ಜೇಬಿನ ಫೋನಿನಲ್ಲಿಯೂ ಕ್ಯಾಮೆರಾ ಉಂಟು. ಆದರೆ ಅದು ಮದುವೆ, ಜಾತ್ರೆ, ಪುಢಾರಿಗಳ ಮೆರವಣಿಗೆಗಳನ್ನು ಬಿಟ್ಟು ಬೇರೇನನ್ನು ನೋಡಿದೆ? ಈ ಪ್ರಶ್ನೆಗೆ ಫ್ರಾನ್ಸಿನ ಸಾಕ್ಷ್ಯಚಿತ್ರ ನಿರ್ದೇಶಕ ಕ್ರಿಸ್ ಮಾರ್ಕರ್ (1921-2012) ಅವರ ಕೆಲಸದಲ್ಲಿ ಉತ್ತರವಿದೆಯೆಂದು ನಾವು ಭಾವಿಸುತ್ತೇವೆ.

ಮಾರ್ಕರ್ ಸಾಕ್ಷ್ಯಚಿತ್ರದ ಹಳೆಯ ಪದ್ಧತಿಯನ್ನು ಮುರಿದವರು. ಸೈಬೀರಿಯವನ್ನು ಕುರಿತ ಚಿತ್ರದಲ್ಲಿ ಒಂದೇ ಬೀದಿಯ ದೃಶ್ಯವನ್ನು, ಅಂದರೆ ಬಸ್ಸು, ಕಾರು, ರಸ್ತೆ ಸಮ ಮಾಡುವ ಕೂಲಿಗಳನ್ನು, ಅವರು ಮೂರು ಸಲ ತೋರಿಸಿದರು. ಮೊದಲ ಸಲ ಹೊಗಳಿಕೆಯ ಮಾತು, ಎರಡನೆಯ ಸಲ ತೆಗಳಿಕೆಯ ಮಾತು, ಮೂರನೆಯ ಸಲ ನಿಷ್ಪಕ್ಷಪಾತವೆನಿಸುವ ಮಾತು. ಚಿತ್ರ ಒಂದೇ, ಅರ್ಥ ಮೂರು! ಕಣ್ಣಾರೆ ಕಂಡದ್ದೂ ಹೇಳುವವನ ಬಾಯಿಗೆ ತಕ್ಕಂತೆ ತಿರುಗುತ್ತದೆಂಬುದಕ್ಕೆ ಬೇರೆ ಪುರಾವೆ ಬೇಕಿಲ್ಲ.

ಇದಕ್ಕಿಂತ ದೊಡ್ಡ ಪಾಠವನ್ನು ಅವರಿಗೆ ಕಲಿಸಿದವರು ಕಾರ್ಮಿಕರು. 1967ರ ಫೆಬ್ರವರಿಯಲ್ಲಿ ಬೆಜಾನ್ಸೋಂ ನಗರದ ರೋಡಿಯಾಸೆಟಾ ಎಂಬ ಕೃತಕ ನೂಲಿನ ಗಿರಣಿಯ ಕಾರ್ಮಿಕರು ಮುಷ್ಕರ ಹೂಡಿ ಗಿರಣಿಯನ್ನೇ ವಶಮಾಡಿಕೊಂಡರು. ಅವರು ಕೇಳಿದ್ದು ಕೂಲಿಯನ್ನು ಮಾತ್ರವಲ್ಲ. ಪಾಳಿಯ ದುಡಿಮೆ ನಿದ್ದೆಯನ್ನೂ ಸಂಸಾರವನ್ನೂ ತಿಂದುಹಾಕುತ್ತಿದೆ, ಓದಿನಲ್ಲಿ ಕಲೆಯಲ್ಲಿ ನಮಗೂ ಪಾಲು ಬೇಕು ಎಂದರು. ಮಾರ್ಕರ್ ಮತ್ತು ಮಾರಿಯೋ ಮರ್ರೆ ಈ ಹೋರಾಟವನ್ನು ಚಿತ್ರಿಸಿದರು. 1968ರ ಏಪ್ರಿಲಿನಲ್ಲಿ ಆ ಕಾರ್ಮಿಕರಿಗೇ ಚಿತ್ರವನ್ನು ತೋರಿಸಿದಾಗ ಹಲವರು ಮುಖಕ್ಕೆ ಮುಖ ಕೊಟ್ಟು ಟೀಕಿಸಿದರು. ಇದು ಹೊರಗಿನವರ ಕನಸುಗಣ್ಣಿನ ನೋಟ, ಸಂಘಟನೆಯ ನಿತ್ಯದ ಶ್ರಮ ಇದರಲ್ಲಿಲ್ಲ, ಹೆಂಗಸರು ಹೋರಾಟಗಾರರಾಗಿ ಕಾಣದೆ ಬರಿಯ ಹೆಂಡಿರಾಗಿದ್ದಾರೆ ಎಂದರು.

ಮಾರ್ಕರ್ ಮುನಿಯಲಿಲ್ಲ. ಹೊರಗಿನವನು ಎಷ್ಟು ಒಳ್ಳೆಯವನಾದರೂ ಹೊರಗಿನವನೇ, ಕಾರ್ಮಿಕರ ಚಿತ್ರವನ್ನು ಕಾರ್ಮಿಕರೇ ತೆಗೆಯಬೇಕು ಎಂದು ಒಪ್ಪಿಕೊಂಡರು. ಅವರೂ ಅವರ ಸಂಗಡಿಗರೂ ಯಂತ್ರಗಳನ್ನು ಒದಗಿಸಿ ವಿದ್ಯೆಯನ್ನು ಕಲಿಸಿದರು. ಹೀಗೆ ಹುಟ್ಟಿದ್ದು ಮೆಡ್ವೆಡ್ಕಿನ್ ತಂಡ. 1932ರಲ್ಲಿ ರೈಲಿನಲ್ಲಿಯೇ ಚಿತ್ರಶಾಲೆ ಹೂಡಿ, ಕೆಲಸದ ಸ್ಥಳದಲ್ಲೇ ಚಿತ್ರ ತೆಗೆದು, ದುಡಿಯುವವರಿಗೇ ತೋರಿಸುತ್ತ ರಷ್ಯವನ್ನು ಸುತ್ತಿದ ಅಲೆಕ್ಸಾಂಡರ್ ಮೆಡ್ವೆಡ್ಕಿನ್ನರ ಹೆಸರು ಅದು. 1969ರಲ್ಲಿ ಈ ತಂಡದ ಚಿತ್ರ ಹೊರಬಂದಾಗ ಅದರ ನಾಯಕಿ ಗಡಿಯಾರ ಕಾರ್ಖಾನೆಯ ಕೆಲಸಗಾರ್ತಿ ಸುಜಾನ್ ಜೆದೆ. ಹಿಂದಿನ ಚಿತ್ರದಲ್ಲಿ ಗಂಡನ ಪಕ್ಕದಲ್ಲಿದ್ದ ಹೆಣ್ಣುಮಗಳೇ ಇಲ್ಲಿ ಸಂಘದ ಪರವಾಗಿ ನಿಂತು ಮಾತಾಡುತ್ತಾಳೆ.

ರೋಡಿಯಾಸೆಟಾ ಗಿರಣಿ ಮುಚ್ಚಿ ದಶಕಗಳೇ ಕಳೆದವು. ಅಲ್ಲಿ ದುಡಿದವರ ಮಾತು ಮಾತ್ರ ಉಳಿದಿದೆ.

ಅಂದು ಅವರಿಗೆ ಕ್ಯಾಮೆರಾವನ್ನು ಬೇರೊಬ್ಬರು ಕೊಡಬೇಕಾಗಿತ್ತು. ಇಂದು ನಮಗೆ ಆ ಕೊರತೆಯಿಲ್ಲ. ಆದರೂ ಗಿರಣಿಗೆ ಬೀಗ ಬಿದ್ದರೆ ಕಾರ್ಮಿಕನನ್ನು ಸೋಮಾರಿಯೆಂದು ತೋರಿಸುವವರು ಬೇರೆ, ಸಂತೆಬೀದಿಯ ಅಂಗಡಿ ಕೆಡವಿದರೆ ವ್ಯಾಪಾರಿಯನ್ನು ಅತಿಕ್ರಮಣಕಾರನೆಂದು ತೋರಿಸುವವರು ಬೇರೆ. ನಮ್ಮ ಕಥೆಯನ್ನು ಇನ್ನೊಬ್ಬರ ಬಾಯಿಗೆ ಬಿಟ್ಟು ಆಮೇಲೆ ದೂರುವುದರಲ್ಲಿ ಅರ್ಥವಿಲ್ಲ. ಕಾರ್ಮಿಕ ಸಂಘಗಳೂ ವರ್ತಕರ ಸಂಘಗಳೂ ತರುಣ ತರುಣಿಯರಿಗೆ ಈ ವಿದ್ಯೆಯನ್ನು ಕಲಿಸಲಿ. ತೆಗೆದ ಚಿತ್ರವನ್ನು ಮೊದಲು ತಮ್ಮ ಜನರ ಮುಂದಿಟ್ಟು ಅವರ ಟೀಕೆಯನ್ನು ಕೇಳಲಿ. ಇದು ಮೋಜಿನ ಮಾತಲ್ಲ, ಹೋರಾಟದ ಕೆಲಸ.